ಎದ್ದು ನಿಂತ ಕೂಡಲೇ ಕಣ್ಣಿಗೆ ಕತ್ತಲೆ: ಬಿಪಿಯನ್ನು ನಿಲ್ಲಿಸಿ ನೋಡುವುದು ಹೇಗೆ, ಆಮೇಲೆ ಏನು ಮಾಡಬೇಕು

ಮಾರ್ಚ್ ಕೊನೆಯ ವಾರ. ವಿಜಯಪುರದಲ್ಲಿ ಬಿಸಿಲು ಆಗಲೇ ಕಾಯತೊಡಗಿತ್ತು. ಬೆಳಗಿನ ಐದೂವರೆಗೆ ಬಚ್ಚಲಲ್ಲಿ ಚರಗಿ ಉರುಳಿದ ಸಪ್ಪಳ ಕೇಳಿ ಓಡಿಹೋದರೆ, ಅವ್ವ ಬಾಗಿಲ ಚೌಕಟ್ಟು ಹಿಡಿದುಕೊಂಡು ಅರ್ಧ ಕುಸಿದು ಕೂತಿದ್ದಳು. ಮುಖ ಬಿಳಿಚಿತ್ತು, ಹಣೆಯ ಮೇಲೆ ತಣ್ಣನೆಯ ಬೆವರು. "ಏನೂ ಆಗಿಲ್ಲೋ ತಮ್ಮಾ, ಹೊರಸಿನಿಂದ ಎದ್ದು ಬಂದೆ, ಕಣ್ಣ ಕತ್ತಲಿ ಬಂತು, ಅಷ್ಟ" ಅಂದಳು.

ಸಪ್ಪಳಕ್ಕೆ ಎದುರು ಮನೆಯ ಕಾಕುನೂ ಬಂದರು. "ಬಿಪಿ ಲೋ ಆಗಿರತೈತಿ. ಉಪ್ಪಿನ ನೀರ ಕುಡಸ್ರಿ, ಒಂದು ಸಲಾಯಿನ್ ಹಚ್ಚಿಸ್ಕೊಂಡು ಬರ್ರಿ" ಅಂದರು. ಮಷಿನ್ ತೆಗೆದು, ಅವ್ವನನ್ನು ಕುರ್ಚಿಯ ಮೇಲೆ ಕೂಡಿಸಿ ನೋಡಿದರೆ 146/82. ಇದರಲ್ಲಿ ಲೋ ಎಲ್ಲಿದೆ? ಹತ್ತು ವರ್ಷದಿಂದ ಹೈ ಬಿಪಿ ಗುಳಿಗೆ ನುಂಗುವ ಹೆಣ್ಣುಮಗಳು ಅವಳು. ಒಂದು ಕೈಯಲ್ಲಿ ಉಪ್ಪಿನ ನೀರು, ಇನ್ನೊಂದು ಕೈಯಲ್ಲಿ ಬಿಪಿ ಗುಳಿಗೆ ಹಿಡಿದುಕೊಂಡು ಯಾವುದನ್ನು ಕೊಡಬೇಕೆಂದು ತಿಳಿಯದೆ ನಿಂತೆ. ಅವತ್ತು ಸಂಜೆ ಡಾಕ್ಟರು ಕೇಳಿದ ಮೊದಲ ಪ್ರಶ್ನೆಯೇ ಇದು: "ಕೂಡಿಸಿ ನೋಡೀರಿ, ಖರೆ. ಮಲಗಿಸಿ, ಆಮ್ಯಾಲೆ ನಿಂದ್ರಿಸಿ ನೋಡೀರೇನು?"

ನೋಡಿರಲಿಲ್ಲ. ಬಿಪಿ ಎಂದರೆ ಒಂದು ಸಲ ಕೂತು ಅಳೆಯುವ ಒಂದು ಅಂಕಿ ಎಂದೇ ನಾನು ತಿಳಿದಿದ್ದೆ. ಅವ್ವನ ತೊಂದರೆ ಆ ಅಂಕಿಯಲ್ಲಿ ಇರಲಿಲ್ಲ. ಮಲಗಿದಾಗಿನ ಅಂಕಿಗೂ ನಿಂತಾಗಿನ ಅಂಕಿಗೂ ನಡುವಿನ ಅಂತರದಲ್ಲಿ ಇತ್ತು. ಅಲ್ಲಿಂದ ಮುಂದೆ ಡಾಕ್ಟರ ಬಾಯಿಂದ ತಿಳಿದುಕೊಂಡಿದ್ದು, ಮನೆಯಲ್ಲಿ ಮಾಡಿ ನೋಡಿದ್ದು, ಎರಡನ್ನೂ ಕೂಡಿಸಿ ಇಲ್ಲಿ ಬರೆದಿದ್ದೇನೆ.

ಆ ಹೊತ್ತಿನಲ್ಲಿ ಮೈಯೊಳಗೆ ಆಗುವುದೇನು

ನಾವು ಎದ್ದು ನಿಂತ ಕೂಡಲೇ ಸುಮಾರು ಅರ್ಧ ಲೀಟರಿನಿಂದ ಮುಕ್ಕಾಲು ಲೀಟರಿನಷ್ಟು ರಕ್ತ ಕಾಲಿಗೂ ಹೊಟ್ಟೆಯ ಕೆಳಭಾಗಕ್ಕೂ ಇಳಿಯುತ್ತದೆ. ಭಾವಿಗೆ ಬಿಟ್ಟ ಕೊಡದ ಹಾಗೆ, ತನ್ನ ಭಾರಕ್ಕೆ ತಾನೇ. ಹೃದಯಕ್ಕೆ ಮರಳುವ ರಕ್ತ ಕಡಿಮೆಯಾಗುತ್ತದೆ, ಒತ್ತಡ ಕುಸಿಯುತ್ತದೆ. ಕುತ್ತಿಗೆಯ ದೊಡ್ಡ ರಕ್ತನಾಳದಲ್ಲೂ ಹೃದಯದ ಮೇಲಿನ ಮಹಾಧಮನಿಯಲ್ಲೂ ಇರುವ ನರತುದಿಗಳು ಇದನ್ನು ಕ್ಷಣದಲ್ಲಿ ಗುರುತಿಸಿ ಮಿದುಳಿಗೆ ಸುದ್ದಿ ಮುಟ್ಟಿಸುತ್ತವೆ. ಕಾಲಿನ ರಕ್ತನಾಳ ಬಿಗಿಯುತ್ತವೆ, ನಾಡಿ ಚುರುಕಾಗುತ್ತದೆ, ಮೀನಖಂಡದ ಸ್ನಾಯು ರಕ್ತವನ್ನು ಮೇಲಕ್ಕೆ ಒತ್ತುತ್ತದೆ. ಎಲ್ಲ ಸರಿಯಿದ್ದರೆ ಇದು ನಮಗೆ ಗೊತ್ತೇ ಆಗುವುದಿಲ್ಲ.

ವಯಸ್ಸಾದಂತೆ ಈ ಏರ್ಪಾಡು ನಿಧಾನವಾಗುತ್ತದೆ. ಬಹಳ ವರ್ಷದ ಶುಗರ್ ಇದ್ದವರಲ್ಲಿ, ಕೈ ನಡುಗಿ ನಡಿಗೆ ನಿಧಾನವಾಗುವ ಪಾರ್ಕಿನ್‌ಸನ್ಸ್ ಕಾಯಿಲೆ ಇದ್ದವರಲ್ಲಿ ಸುದ್ದಿ ಒಯ್ಯುವ ನರಗಳೇ ಸವೆದಿರಬಹುದು. ಮೈಯಲ್ಲಿ ನೀರು ಕಡಿಮೆಯಾಗಿದ್ದರೆ ನರ ಸರಿಯಿದ್ದೂ ಉಪಯೋಗವಿಲ್ಲ, ಒತ್ತಲು ರಕ್ತವೇ ಸಾಲದು. ಕೆಲವು ಗುಳಿಗೆಗಳು ರಕ್ತನಾಳವನ್ನು ಬಿಗಿಯಲು ಬಿಡುವುದಿಲ್ಲ. ನಿಂತ ಮೂರು ನಿಮಿಷದೊಳಗೆ ಮೇಲಿನ ಅಂಕಿ 20 ಅಥವಾ ಅದಕ್ಕಿಂತ ಹೆಚ್ಚು, ಇಲ್ಲವೇ ಕೆಳಗಿನ ಅಂಕಿ 10 ಅಥವಾ ಅದಕ್ಕಿಂತ ಹೆಚ್ಚು ಇಳಿದರೆ ಅದನ್ನು ವೈದ್ಯರು ನಿಂತಾಗಿನ ರಕ್ತದೊತ್ತಡ ಕುಸಿತ ಎಂದು ಹೆಸರಿಟ್ಟು ಕರೆಯುತ್ತಾರೆ. ಗಮನಿಸಿ, ಇಲ್ಲಿ 'ಇಷ್ಟಕ್ಕಿಂತ ಕೆಳಗೆ' ಎಂಬ ಗೆರೆ ಇಲ್ಲ. 170 ಇದ್ದವರು 140ಕ್ಕೆ ಇಳಿದರೂ ಅದು ಕುಸಿತವೇ, ತಲೆ ತಿರುಗಬಹುದು. ಇತ್ತ ಸಣಕಲು ಮೈಯ, ಆರೋಗ್ಯವಾಗಿರುವ ಹುಡುಗಿಗೆ ಯಾವಾಗಲೂ 100/60 ಇದ್ದರೆ ಅದು ರೋಗವಲ್ಲ. ನಮ್ಮ ಕಡೆ ಅಂಥವರಿಗೆ "ಲೋ ಬಿಪಿ ಪೇಶಂಟ್" ಎಂದು ಹೆಸರು ಹಚ್ಚಿ ಸಲಾಯಿನ್ ಏರಿಸುವುದನ್ನು ಎಷ್ಟೋ ಸಲ ಕಂಡಿದ್ದೇನೆ.

ಎಲ್ಲ ಬವಳಿಯೂ ಇದಲ್ಲ

"ಬವಳಿ ಬಂತು", "ಚಕ್ಕರ್ ಬಂತು" ಎಂಬ ಮಾತಿನಲ್ಲಿ ನಾಲ್ಕೈದು ಬೇರೆ ಬೇರೆ ತೊಂದರೆಗಳು ಅಡಗಿರುತ್ತವೆ. ಮಲಗಿದಲ್ಲೇ ಮಗ್ಗುಲು ಬದಲಿಸಿದಾಗ ಇಡೀ ಕೋಣೆ ಗಿರ್ರನೆ ತಿರುಗಿದರೆ ಅದು ಹೆಚ್ಚಾಗಿ ಒಳಕಿವಿಯ ತೊಂದರೆ. ಕೂತಿದ್ದಾಗಲೂ ಕೈ ನಡುಗಿ, ಬೆವತು, ಹಸಿವಾದ ಹಾಗಾದರೆ ಶುಗರ್ ಇಳಿದಿರಬಹುದು; ಶುಗರಿನವರಾದರೆ ಮೊದಲು ಗ್ಲುಕೋಮೀಟರ್ ಹಿಡಿಯಿರಿ, 70ಕ್ಕಿಂತ ಕಡಿಮೆ ಇದ್ದರೆ ಸಕ್ಕರೆ ನೀರು ಕೊಡಿ. ಮಲಗಿದಾಗ ಏನೂ ಇಲ್ಲ, ಎದ್ದು ನಿಂತಾಗ ಬರುತ್ತದೆ, ಮತ್ತೆ ಕೂತರೆ ಅಥವಾ ಮಲಗಿದರೆ ಹೋಗುತ್ತದೆ ಎಂದಾದರೆ ಮಾತ್ರ ನಾವು ಹೇಳುತ್ತಿರುವ ಸಂಗತಿ. ಕಣ್ಣು ಮಂಜಾಗುವುದು, ಕಾಲು ಸೋಲುವುದು, ಕಿವಿ ಗುಂಯ್ ಎನ್ನುವುದು ಇದರ ಗುರುತು. ಕೆಲವರಿಗೆ ನಿಂತಾಗ ಹಿಂಗತ್ತಿನಿಂದ ಎರಡೂ ಹೆಗಲಿಗೆ ಹರಡುವ ನೋವು ಬರುತ್ತದೆ, ಮಲಗಿದರೆ ಮಾಯ. ಅವ್ವ ಅದನ್ನು ದಿಂಬಿನ ದೋಷ ಎಂದು ಎರಡು ವರ್ಷ ದಿಂಬು ಬದಲಿಸಿದಳು.

ಹರೆಯದವರಿಗೆ ಥಟ್ಟನೆ ಎದ್ದಾಗ ಹತ್ತು ಹದಿನೈದು ಸೆಕೆಂಡು ಕತ್ತಲೆ ಬಂದು ತಾನೇ ಸರಿಹೋಗುವುದು ಸಾಮಾನ್ಯ, ಅಷ್ಟಕ್ಕೇ ಹೆದರಬೇಕಿಲ್ಲ. ಆದರೆ ತಿಂಗಳ ಸ್ರಾವ ಹೆಚ್ಚಿರುವ ಹೆಣ್ಣುಮಕ್ಕಳು ಒಮ್ಮೆ ಹಿಮೋಗ್ಲೋಬಿನ್ ನೋಡಿಸಲಿ.

ಮನೆಯಲ್ಲಿ ಅಳೆಯುವ ಕ್ರಮ

ಈ ಲೇಖನದಲ್ಲಿ ಬೇರೇನು ಬಿಟ್ಟರೂ ಇದೊಂದನ್ನು ಓದಿ. ತೋಳಿಗೆ ಕಟ್ಟುವ ಪಟ್ಟಿಯ ಮಷಿನ್ ಇರಲಿ, ಮಣಿಕಟ್ಟಿನ ಮಷಿನ್ ಬೇಡ. ಪಕ್ಕದಲ್ಲಿ ಇನ್ನೊಬ್ಬರು ಇರಲೇಬೇಕು, ಒಬ್ಬರೇ ಮಾಡುವ ಕೆಲಸವಲ್ಲ. ಬೆಳಗ್ಗೆ, ಚಹಾ ಮತ್ತು ಗುಳಿಗೆಗೆ ಮೊದಲು ಮಾಡಿದರೆ ಕುಸಿತ ಚೆನ್ನಾಗಿ ಸಿಕ್ಕಿಬೀಳುತ್ತದೆ. ಮೂತ್ರಕ್ಕೆ ಹೋಗಿಬಂದು, ಮತ್ತೆ ಬಂದು ಮಲಗಲಿ.

ಮೊದಲು ಐದು ನಿಮಿಷ ಅಂಗಾತ ಮಲಗಿಸಿ. ಮಾತಿಲ್ಲ, ಮೊಬೈಲ್ ಇಲ್ಲ. ಪಟ್ಟಿ ಕಟ್ಟಿ ಅಳೆಯಿರಿ. ಮೇಲಿನ ಅಂಕಿ, ಕೆಳಗಿನ ಅಂಕಿ, ನಾಡಿ, ಮೂರನ್ನೂ ಬರೆದುಕೊಳ್ಳಿ. ಪಟ್ಟಿ ಬಿಚ್ಚಬೇಡಿ. ಈಗ ಎಬ್ಬಿಸಿ ನಿಲ್ಲಿಸಿ. ಗೋಡೆ ಹತ್ತಿರ ಇರಲಿ, ಹಿಂದೆ ಕುರ್ಚಿ ಇರಲಿ. ನಿಂತು ಒಂದು ನಿಮಿಷಕ್ಕೆ ಒಮ್ಮೆ, ಮೂರು ನಿಮಿಷಕ್ಕೆ ಒಮ್ಮೆ ಅಳೆಯಿರಿ. ಎಲ್ಲರೂ ತಪ್ಪುವುದು ಇಲ್ಲೇ: ಕೈ ಜೋತುಬಿಟ್ಟರೆ ಅಂಕಿ ಸುಳ್ಳೇ ಹೆಚ್ಚಾಗಿ ಬರುತ್ತದೆ, ಕುಸಿತ ಮುಚ್ಚಿಹೋಗುತ್ತದೆ. ಪಟ್ಟಿ ಕಟ್ಟಿದ ತೋಳು ಎದೆಯ ಮಟ್ಟಕ್ಕೆ ಇರಬೇಕು. ನಾನು ಅವ್ವನ ಮೊಣಕೈಯನ್ನು ನನ್ನ ಅಂಗೈ ಮೇಲೆ ಹೊತ್ತು ನಿಲ್ಲುತ್ತೇನೆ. ದೇವರ ಕೋಣೆಯ ಮಾಡದ ಮೇಲೆ ಇಡಿಸಿದರೂ ಆದೀತು. ನಡುವೆ ಬವಳಿ ಬಂದರೆ ಅಂಕಿಗಾಗಿ ಕಾಯಬೇಡಿ, ಕೂಡಿಸಿಬಿಡಿ. ಅದೇ ನಿಮ್ಮ ಉತ್ತರ.

ಅವ್ವನ ಮೊದಲ ದಿನದ ಲೆಕ್ಕ ಹೀಗಿತ್ತು: ಮಲಗಿದಾಗ 152/84, ನಾಡಿ 72. ನಿಂತು ಒಂದು ನಿಮಿಷಕ್ಕೆ 120/74. ಮೂರು ನಿಮಿಷಕ್ಕೆ 114/70, ನಾಡಿ 78. ಮೂವತ್ತೆಂಟರ ಇಳಿತ. ನಾಡಿಯ ಅಂಕಿ ನನಗೆ ಬರಿಯ ಅಂಕಿಯಾಗಿತ್ತು, ಡಾಕ್ಟರು ಮಾತ್ರ ಮೊದಲು ಬೆರಳಿಟ್ಟಿದ್ದು ಅದರ ಮೇಲೆ. ನೀರು ಕಡಿಮೆಯಾಗಿ ಬಿಪಿ ಇಳಿದರೆ ನಾಡಿ ಸಾಮಾನ್ಯವಾಗಿ ಜೋರಾಗಿ ಏರುತ್ತದೆ. ಇಷ್ಟು ಇಳಿದರೂ ನಾಡಿ ಆರೇ ಏರಿದೆ ಎಂದರೆ ಸುದ್ದಿ ಒಯ್ಯುವ ನರಗಳ ಮೇಲೆ ಅನುಮಾನ. ಹದಿನಾಲ್ಕು ವರ್ಷದ ಶುಗರ್ ಅವಳದು.

ಹೀಗೆ ಮೂರು ನಾಲ್ಕು ದಿನ ಬೆಳಗ್ಗೆ, ಒಂದೆರಡು ದಿನ ಮಧ್ಯಾಹ್ನ ಊಟವಾಗಿ ಒಂದು ತಾಸಿಗೆ ನೋಡಿ. ಬೇರೆ ವಹಿ ತರುವ ಕೆಲಸವಿಲ್ಲ. ನಮ್ಮಲ್ಲಿ ಗೋಡೆ ಕ್ಯಾಲೆಂಡರಿನ ಚೌಕಗಳಲ್ಲಿ ಹಾಲಿನ ಲೆಕ್ಕ ಇರುತ್ತದಲ್ಲ, ಅದರ ಕೆಳಗೇ ಬರೆದೆವು.

ಗುಳಿಗೆಯ ಚೀಲ

ಡಾಕ್ಟರ ಹತ್ತಿರ ಹೋಗುವಾಗ ಮನೆಯಲ್ಲಿರುವ ಎಲ್ಲ ಗುಳಿಗೆ ಪಟ್ಟಿಗಳನ್ನೂ ಒಂದೇ ಚೀಲಕ್ಕೆ ಹಾಕಿಕೊಂಡು ಹೋಗಿ. ಚೀಟಿ ಸಾಲದು. ಔಷಧ ಅಂಗಡಿಯಲ್ಲಿ ಕೇಳಿ ತಂದಿದ್ದು, ಆಯುರ್ವೇದದ್ದು, ಮಗಳು ಬೆಳಗಾವಿಯಿಂದ ಕಳಿಸಿದ್ದು, ಎಲ್ಲವೂ. ಅವ್ವನ ಚೀಲದಲ್ಲಿ ಮೂರು ಸಂಗತಿ ಸಿಕ್ಕವು. ಒಂದು, ಬಿಪಿ ಗುಳಿಗೆಯ ಹೆಸರಿನ ತುದಿಗೆ 'ಎಚ್' ಅಕ್ಷರ ಇತ್ತು. ಹಾಗಿದ್ದರೆ ಅದರೊಳಗೆ ಸಾಮಾನ್ಯವಾಗಿ ಹೈಡ್ರೋಕ್ಲೋರೋಥಯಾಜೈಡ್ ಎಂಬ ಮೂತ್ರ ಇಳಿಸುವ ಔಷಧ ಸೇರಿರುತ್ತದೆ. ಎರಡು, ಶುಗರಿಗೆ ಕೊಟ್ಟ ಡಪಾಗ್ಲಿಫ್ಲೋಜಿನ್. ಅದೂ ಸಕ್ಕರೆಯ ಜೊತೆ ನೀರನ್ನು ಮೂತ್ರದಲ್ಲಿ ಕಳೆಯುತ್ತದೆ. ಮೂರು, ಅಂಗಾಲು ಉರಿಗೆ ಬೇರೊಬ್ಬ ಡಾಕ್ಟರು ರಾತ್ರಿಗೆ ಬರೆದಿದ್ದ ಅಮಿಟ್ರಿಪ್ಟಿಲೀನ್; ನಿಂತಾಗ ಬಿಪಿ ಇಳಿಸುವುದರಲ್ಲಿ ಇದು ಹೆಸರುವಾಸಿ. ಒಬ್ಬರು ಬರೆದಿದ್ದು ಇನ್ನೊಬ್ಬರಿಗೆ ಗೊತ್ತಿರಲಿಲ್ಲ, ನಾವೂ ಹೇಳಿರಲಿಲ್ಲ.

ಗಂಡಸರಲ್ಲಿ ಪ್ರೋಸ್ಟೇಟ್ ತೊಂದರೆಗೆ ಕೊಡುವ ಟಾಮ್ಸುಲೋಸಿನ್, ಪ್ರಾಜೋಸಿನ್; ಎದೆನೋವಿಗೆ ಕೊಡುವ ಐಸೋಸಾರ್ಬೈಡ್; ಕಾಲುಬಾವಿಗೆ ಫ್ಯೂರೋಸೆಮೈಡ್; ಪಾರ್ಕಿನ್‌ಸನ್ಸಿಗೆ ಲೆವೊಡೋಪಾ; ಗಂಡಸರ ಲೈಂಗಿಕ ದೌರ್ಬಲ್ಯಕ್ಕೆ ಕೊಡುವ ಸಿಲ್ಡೆನಾಫಿಲ್ — ಇವನ್ನೂ ಕಣ್ಣಿಟ್ಟು ನೋಡಿ. ಕಂಡಿತೆಂದು ನೀವೇ ನಿಲ್ಲಿಸಬೇಡಿ. ಬಿಪಿ ಗುಳಿಗೆ ಒಮ್ಮೆಲೇ ಬಿಟ್ಟವರಿಗೆ ಪಾರ್ಶ್ವವಾಯು ಬಡಿಯುವ ಅಪಾಯ ಇರುತ್ತದೆ, ಬಿಪಿ ಏರಿಯೇ ಉಳಿದರೆ ನಿಂತಾಗಿನ ಕುಸಿತವೂ ಬಿಗಡಾಯಿಸಬಹುದು. ಗುಳಿಗೆ ಬದಲಿಸುವುದು, ಪ್ರಮಾಣ ಇಳಿಸುವುದು, ಹೊತ್ತು ಬದಲಿಸುವುದು ಡಾಕ್ಟರ ಕೆಲಸ. ನಮ್ಮ ಕೆಲಸ ಚೀಲ ಒಯ್ಯುವುದು.

ಹಾಸಿಗೆಯಿಂದ ಬಚ್ಚಲಿನವರೆಗೆ

ಬೀಳುವುದು ಹೆಚ್ಚಾಗಿ ಈ ಹತ್ತು ಹೆಜ್ಜೆಯಲ್ಲೇ. ರಾತ್ರಿಯಿಡೀ ಮೂತ್ರದಲ್ಲಿ ನೀರು ಹೋಗಿರುತ್ತದೆ, ಮೈ ಮಲಗಿಯೇ ಇರುತ್ತದೆ. ಹೊರಸಿನ ಪಕ್ಕ ರಾತ್ರಿಯೇ ಒಂದು ತಂಬಗಿ ನೀರು ಇಡಿ. ಎಚ್ಚರವಾದ ಮೇಲೆ ಏಳುವ ಮುಂಚೆ, ಹೊರಸಿನ ಮೇಲೆಯೇ ಕೂತು ಎರಡು ಗ್ಲಾಸು, ಅಂದರೆ ಹತ್ತಿರ ಹತ್ತಿರ ಅರ್ಧ ಲೀಟರು, ಸಾದಾ ನೀರನ್ನು ಎರಡು ಮೂರು ನಿಮಿಷದಲ್ಲಿ ಕುಡಿಯಬೇಕು. ಗುಟುಕು ಗುಟುಕಾಗಿ ಅರ್ಧ ತಾಸು ಕುಡಿದರೆ ಈ ಗುಣ ಬರುವುದಿಲ್ಲ. ಐದು ಹತ್ತು ನಿಮಿಷದಲ್ಲಿ ಒತ್ತಡ ಏರತೊಡಗಿ ಅರ್ಧ ತಾಸಿನ ಹೊತ್ತಿಗೆ ಪೂರ್ತಿ ಗುಣ ಕಾಣುತ್ತದೆ. ನೀರೇ ಔಷಧವಾಗುವುದು ನನಗೂ ಮೊದಲು ನಗು ತರಿಸಿತ್ತು. ಅಳೆದು ನೋಡಿದ ಮೇಲೆ ಸುಮ್ಮನಾದೆ. ಹೃದಯ ಅಥವಾ ಕಿಡ್ನಿ ತೊಂದರೆಯಿಂದ ನೀರಿಗೆ ಮಿತಿ ಹಾಕಿಸಿಕೊಂಡವರು ಮಾತ್ರ ಕೇಳದೆ ಇದನ್ನು ಮಾಡಬಾರದು.

ನೀರು ಕುಡಿದು ಕಾಲು ಇಳಿಬಿಟ್ಟು ಕೂತಿರಲಿ. ಪಾದವನ್ನು ಮೇಲಕ್ಕೆ ಕೆಳಕ್ಕೆ ಇಪ್ಪತ್ತು ಸಲ ಆಡಿಸಲಿ, ಹೊಲಿಗೆ ಮಷಿನ್ ತುಳಿದ ಹಾಗೆ. ಮುಷ್ಟಿ ಬಿಗಿದು ಬಿಡಲಿ. ಒಂದೆರಡು ನಿಮಿಷ ಕಳೆದ ಮೇಲೆ ಎದ್ದು, ಹೊರಸು ಹಿಡಿದುಕೊಂಡೇ ಮೂವತ್ತರವರೆಗೆ ಎಣಿಸಿ, ಆಮೇಲೆ ಹೆಜ್ಜೆ. ಅವ್ವ ಎಣಿಸುವುದಿಲ್ಲ, "ಓಂ ನಮಃ ಶಿವಾಯ" ಹತ್ತು ಸಲ ಅನ್ನುತ್ತಾಳೆ. ಲೆಕ್ಕ ಒಂದೇ.

ಬಚ್ಚಲಿಗೆ ಒಳಗಿನಿಂದ ಚಿಲಕ ಬೇಡ. ಹಂಡೆಯ ಸುಡುನೀರು ರಕ್ತನಾಳವನ್ನು ಹಿಗ್ಗಿಸುತ್ತದೆ, ಹಾಗಾಗಿ ಉಗುರುಬೆಚ್ಚಗಿನ ನೀರು, ಕೂತು ಸ್ನಾನ, ಮೈ ಒರೆಸಿಕೊಂಡು ಆಮೇಲೆ ಏಳುವುದು. ಕುಕ್ಕರಗಾಲಿನ ಪಾಯಖಾನೆಯಲ್ಲಿ ತಿಣುಕಿ ಎದ್ದಾಗ ಬೀಳುವವರು ಬಹಳ. ಗೋಡೆಗೊಂದು ಗಟ್ಟಿ ಹಿಡಿಕೆ ಹಾಕಿಸಿ, ಮಲಬದ್ಧತೆ ಆಗದಂತೆ ನೋಡಿಕೊಳ್ಳಿ. ರಾತ್ರಿ ಎದ್ದ ಗಂಡಸರು ಕೂತು ಮೂತ್ರ ಮಾಡುವುದು ಲೇಸು. ಮರ್ಯಾದೆಯ ಮಾತು ಬೆಳಗ್ಗೆ ಆಡಿಕೊಳ್ಳಬಹುದು.

ತಲೆಯ ಕಡೆಯ ಕಾಲುಗಳ ಕೆಳಗೆ ಇಟ್ಟಂಗಿ ಅಥವಾ ಮರದ ತುಂಡು ಕೊಟ್ಟು ಹೊರಸನ್ನು ನಾಲ್ಕರಿಂದ ಆರು ಇಂಚು ಎತ್ತರಿಸುವುದು ಹಳೆಯ, ಅಗ್ಗದ ಉಪಾಯ. ಚಪ್ಪಟೆ ಮಲಗಿದಾಗ ಇಂಥವರ ಬಿಪಿ ವಿಪರೀತ ಏರಿ, ಕಿಡ್ನಿ ಹೆಚ್ಚು ನೀರನ್ನು ಹೊರಹಾಕುತ್ತದೆ. ಇಳಿಜಾರು ಅದನ್ನು ತಡೆಯುತ್ತದೆ. ದಿಂಬು ಏರಿಸಿದರೆ ಕತ್ತಷ್ಟೇ ಬಾಗುತ್ತದೆ. ಇಟ್ಟಂಗಿ ಅಲುಗಾಡದಂತೆ ನೋಡಿಕೊಳ್ಳಿ. ಮೊದಲ ರಾತ್ರಿ ಅವ್ವ "ಕೆಳಗ ಜಾರಾಕತ್ತೀನಿ" ಎಂದು ಮೂರು ಸಲ ಎಬ್ಬಿಸಿದಳು. ನಾಲ್ಕನೇ ದಿನಕ್ಕೆ ರೂಢಿಯಾಯಿತು.

ಊಟ, ಬಿಸಿಲು, ಉಪವಾಸ

ಹೊಟ್ಟೆ ತುಂಬ ಉಂಡಾಗ ರಕ್ತ ಕರುಳಿನ ಕಡೆ ಹರಿಯುತ್ತದೆ. ಹೋಳಿಗೆ ಊಟ ಮುಗಿಸಿ ಪಂಕ್ತಿಯಿಂದ ಎದ್ದ ಹಿರಿಯರು ಕಂಬ ಹಿಡಿದು ನಿಲ್ಲುವುದು ಇದಕ್ಕೇ. ಒಮ್ಮೆಗೆ ಕಡಿಮೆ, ಹೆಚ್ಚು ಸಲ ಉಣ್ಣಲಿ. ಉಂಡ ಮೇಲೆ ಒಂದು ತಾಸು ದೂರದ ಕೆಲಸ ಬೇಡ.

ಏಪ್ರಿಲ್, ಮೇ ತಿಂಗಳಲ್ಲಿ ನಮ್ಮ ಕಡೆ 40 ಡಿಗ್ರಿ ದಾಟುವುದು ವಿಶೇಷವೇನಲ್ಲ. ತಿಕೋಟಾ ಕಡೆ ದ್ರಾಕ್ಷಿ ತೋಟದಲ್ಲಿ, ಮುಧೋಳ ಜಮಖಂಡಿಯ ಕಬ್ಬಿನಲ್ಲಿ ದುಡಿಯುವವರಿಗೆ ಬೆವರಿನಲ್ಲಿ ಹೋದ ನೀರು, ಉಪ್ಪು ಎರಡೂ ಮರಳಬೇಕು. ಅವರಿಗೆ ಉಪ್ಪು ಹಾಕಿದ ಮಜ್ಜಿಗೆ ತಕ್ಕದ್ದು. ವಾಂತಿ ಭೇದಿ ಇದ್ದರೆ ಒಂದು ಲೀಟರ್ ನೀರಿಗೆ ಒಂದು ದೊಡ್ಡ ಪೊಟ್ಟಣ ಓಆರ್‌ಎಸ್. ಕಳೆ ತೆಗೆಯುತ್ತ ತಾಸುಗಟ್ಟಲೆ ಕುಕ್ಕರಗಾಲಿನಲ್ಲಿ ಕೂತವರು ಒಮ್ಮೆಲೇ ಸೆಟೆದು ನಿಲ್ಲಬಾರದು. ಮೊಣಕಾಲ ಮೇಲೆ ಕೈಯೂರಿ ಬಾಗಿದಂತೆಯೇ ನಾಲ್ಕು ಉಸಿರು ಎಳೆದು ಆಮೇಲೆ ನೇರ ನಿಲ್ಲಲಿ. ಪ್ರವಚನದಲ್ಲಿ, ನಮಾಜಿನಲ್ಲಿ, ದೀಡ ನಮಸ್ಕಾರ ಹಾಕುವಾಗಲೂ ಇದೇ ಮಾತು.

ಶ್ರಾವಣ ಸೋಮವಾರ, ಏಕಾದಶಿ, ರಂಜಾನಿನ ರೋಜಾ ಹಿಡಿಯುವವರು ವಾರ ಮೊದಲೇ ಗುಳಿಗೆಯ ಹೊತ್ತನ್ನು ಡಾಕ್ಟರಿಗೆ ಕೇಳಿಕೊಳ್ಳಿ, ಅದರಲ್ಲೂ ಮೂತ್ರ ಇಳಿಸುವ ಗುಳಿಗೆ ಇದ್ದವರು. ದಾರೂ ಕುಡಿಯುವವರಿಗೆ ಹೇಳಿ ಉಪಯೋಗವಿಲ್ಲ, ಆದರೂ ಹೇಳುತ್ತೇನೆ: ಅದು ರಕ್ತನಾಳವನ್ನೂ ಸಡಿಲಿಸುತ್ತದೆ, ನೀರನ್ನೂ ಕಳೆಯುತ್ತದೆ.

ಬಿಗಿ ಕಾಲುಚೀಲದ ಬಗ್ಗೆ ಕೇಳುವವರಿದ್ದಾರೆ. ಮೊಣಕಾಲವರೆಗಿನದ್ದರಿಂದ ಲಾಭ ಅಷ್ಟಕ್ಕಷ್ಟೇ, ಸೊಂಟದವರೆಗಿನದನ್ನು ನಮ್ಮ ಬಿಸಿಲಿನಲ್ಲಿ ಯಾರೂ ಹಾಕಿಕೊಳ್ಳಲಾರರು. ಹೊಟ್ಟೆಗೆ ಕಟ್ಟುವ ಅಗಲ ಬೆಲ್ಟು ಅದಕ್ಕಿಂತ ಸಲೀಸು. ಏಳುವ ಮುಂಚೆ ಕಟ್ಟಿ, ಮಲಗುವಾಗ ಬಿಚ್ಚಬೇಕು.

ಉಪ್ಪು, ಸಲಾಯಿನ್

ಅರ್ಧ ಲೀಟರಿನ ಸಾಮಾನ್ಯ ಸಲಾಯಿನ್ ಬಾಟಲಿಯಲ್ಲಿ 4.5 ಗ್ರಾಂ ಉಪ್ಪು ಇರುತ್ತದೆ. ದೊಡ್ಡವರಿಗೆ ಇಡೀ ದಿನಕ್ಕೆ 5 ಗ್ರಾಂ ಒಳಗಿರಲಿ ಎನ್ನುವುದು ವಿಶ್ವ ಆರೋಗ್ಯ ಸಂಸ್ಥೆಯ ಮಾತು. ಭೇದಿಯಾಗಿ ಬತ್ತಿದವರಿಗೆ ಸಲಾಯಿನ್ ಜೀವ ಉಳಿಸುತ್ತದೆ. ಹೈ ಬಿಪಿ, ಹೃದಯ, ಕಿಡ್ನಿ ತೊಂದರೆ ಇದ್ದ ಮುದುಕರಿಗೆ ಸುಮ್ಮನೆ ಏರಿಸಿದರೆ ಕಾಲು ಬಾವು, ಏದುಸಿರು. ಹಿಂದಿನ ವರ್ಷ ಇದೇ ಬವಳಿಗೆ ಒಂದು ದವಾಖಾನೆಯಲ್ಲಿ ಅವ್ವನಿಗೆ ಎರಡು ಬಾಟಲಿ ಏರಿಸಿದ್ದರು, ಕೇಳಿದವರೂ ನಾವೇ. ಎರಡು ದಿನ ಹುರುಪಾಗಿದ್ದಳು, ಮೂರನೇ ದಿನ ಮತ್ತದೇ. ನಿಂತು ಅಳೆದವರು ಅಲ್ಲೂ ಇರಲಿಲ್ಲ. ಉಪ್ಪು ಹೆಚ್ಚಿಸಬೇಕಾದವರೂ ಇದ್ದಾರೆ, ಫ್ಲೂಡ್ರೋಕಾರ್ಟಿಸೋನ್, ಮಿಡೊಡ್ರಿನ್‌ನಂಥ ಬಿಪಿ ಏರಿಸುವ ಗುಳಿಗೆ ಬೇಕಾದವರೂ ಇದ್ದಾರೆ. ಯಾರಿಗೆ ಎಂಬುದನ್ನು ಡಾಕ್ಟರೇ ಹೇಳಬೇಕು. ಮಿಡೊಡ್ರಿನ್ ಬರೆದಿದ್ದರೆ ಮಲಗುವ ನಾಲ್ಕು ತಾಸಿನೊಳಗೆ ಕೊಡಬೇಡಿ, ಮಲಗಿದಾಗ ಬಿಪಿ ಏರಿಬಿಡುತ್ತದೆ.

ಬವಳಿ ಬರುತ್ತಿದೆ ಅನಿಸಿದಾಗ

ಕೂತುಬಿಡಿ, ಎಲ್ಲಿದ್ದರೆ ಅಲ್ಲಿ; ಕೂಡಲು ಜಾಗವಿಲ್ಲದ ಬಸ್ ಸ್ಟ್ಯಾಂಡಿನ ಸಾಲಿನಲ್ಲಿದ್ದರೆ ಒಂದು ಕಾಲಿನ ಮೇಲೆ ಇನ್ನೊಂದನ್ನು ಕತ್ತರಿಯಂತೆ ಅಡ್ಡ ಹಾಕಿ ತೊಡೆ, ಕುಂಡೆ, ಹೊಟ್ಟೆ ಬಿಗಿಯಿರಿ. ಇಲ್ಲವೇ ಕುಕ್ಕರಗಾಲಿನಲ್ಲಿ ಕೂಡಿ.

ಬಿದ್ದೇ ಬಿಟ್ಟರೆ ಎತ್ತಿ ನಿಲ್ಲಿಸಬೇಡಿ. ಅಂಗಾತ ಮಲಗಿಸಿ ಕಾಲನ್ನು ಒಂದು ಅಡಿ ಎತ್ತರಿಸಿ. ಎಚ್ಚರವಿಲ್ಲದವರ ಬಾಯಿಗೆ ನೀರು ಹಾಕಬಾರದು, ಉಳ್ಳಾಗಡ್ಡಿ ಮೂಸಿಸುವುದು ಬೇಡ. ಒಂದೆರಡು ನಿಮಿಷದಲ್ಲಿ ಎಚ್ಚರವಾಗದಿದ್ದರೆ 108ಕ್ಕೆ ಫೋನ್ ಮಾಡಿ. ಎದೆನೋವು, ಏದುಸಿರು, ಎದೆ ಡವಡವ, ಬಾಯಿ ಸೊಟ್ಟ, ಮಾತು ತೊದಲು, ಡಾಂಬರಿನಂಥ ಕಪ್ಪು ಮಲ, ತಲೆಗೆ ಪೆಟ್ಟು, ಅದರಲ್ಲೂ ರಕ್ತ ತೆಳುವಾಗಿಸುವ ಗುಳಿಗೆ ತಿನ್ನುವವರಿಗೆ — ಇಂಥಲ್ಲಿ ಮನೆಯಲ್ಲಿ ಅಳೆಯುತ್ತ ಕೂಡಬೇಡಿ. ಕೂತಲ್ಲೇ ಅಥವಾ ನಡೆಯುತ್ತ ಮುನ್ಸೂಚನೆಯಿಲ್ಲದೆ ಬಿದ್ದವರಿಗೂ, ಬಸುರಿಯರಿಗೂ ಇದೇ ಮಾತು.

ಅವ್ವನಿಗೆ ಡಾಕ್ಟರು 'ಎಚ್' ಇಲ್ಲದ ಗುಳಿಗೆ ಬರೆದರು, ಅಂಗಾಲು ಉರಿಗೆ ಬೇರೆ ಔಷಧ ಕೊಟ್ಟರು, ಶುಗರಿನದನ್ನು ಹಾಗೇ ಉಳಿಸಿದರು. ಐದು ವಾರದ ಮೇಲೆ ಮಲಗಿದಾಗ 148/82, ಮೂರು ನಿಮಿಷ ನಿಂತಾಗ 131/76. ಹದಿನೇಳರ ಇಳಿತ ಈಗಲೂ ಇದೆ, ಕತ್ತಲೆ ಮಾತ್ರ ಬಂದಿಲ್ಲ. ತಂಬಗಿ ಹೊರಸಿನ ಪಕ್ಕದಿಂದ ಕದಲಿಲ್ಲ. ಕಾಕು ಮೊನ್ನೆ ತಮ್ಮ ಯಜಮಾನರನ್ನು ಕರಕೊಂಡು ಬಂದು "ಇವ್ರನ್ನೂ ಒಂದೀಟು ನಿಂದ್ರಿಸಿ ನೋಡ್ರಿ" ಅಂದರು.

ಕ್ಯಾಲೆಂಡರಿನಲ್ಲಿ ಬರೆದಿಟ್ಟವರು ತಿಂಗಳ ಹಾಳೆ ಹರಿಯುವ ಮೊದಲು ಮೊಬೈಲಿನಲ್ಲಿ ಒಂದು ಫೋಟೋ ತೆಗೆದಿಟ್ಟುಕೊಳ್ಳಿ. ನಮ್ಮ ಏಪ್ರಿಲ್ ಹಾಳೆಯ ಮೇಲೆ ಯಾರೋ ಭಜಿ ಇಟ್ಟು ತಿಂದು ಒಗೆದಿದ್ದರು.